ನಿಜ್ನಿ ನೊವ್‌ಗೊರೊಡ್ ಕುರಿತು ಗಾರ್ಕಿಯ ಆಚೆಗೆ ಏನನ್ನು ಓದಬಹುದು?

ನೀರ್ಚಾಲಿನ ಓದುಗ

ನಮ್ಮೂರ ಗ್ರಂಥಾಲಯದ ಓದುಗರ ಬಳಗವು ಈ ಮಳೆಗಾಲದಲ್ಲಿ ಮ್ಯಾಕ್ಸಿಂ ಗಾರ್ಕಿಯ ಆತ್ಮಕಥನದ ಮೂರು ಸಂಪುಟಗಳನ್ನು ಕೈಗೆತ್ತಿಕೊಂಡಿದೆ. ಬಳಗದಲ್ಲಿ ಕನ್ನಡ ಓದುವವರೂ ಮಲಯಾಳ ಓದುವವರೂ ಇದ್ದಾರೆ. ಇಂಗ್ಲಿಷ್ ಎಲ್ಲರಿಗೂ ತಕ್ಕಮಟ್ಟಿಗೆ ಬರುತ್ತದೆ, ರಷ್ಯನ್ ಯಾರಿಗೂ ಬಾರದು. ಮೊದಲ ಸಂಪುಟವಾದ ‘ನನ್ನ ಬಾಲ್ಯ’ವನ್ನು ಓದಿ ಮುಗಿಸಿದ್ದೇವೆ.

ತಂದೆ ಆಸ್ತ್ರಾಖಾನಿನಲ್ಲಿ ಕಾಲರಾದಿಂದ ತೀರಿಕೊಂಡ ಮೇಲೆ ತಾಯಿ ಮತ್ತು ಅಜ್ಜಿಯ ಜೊತೆ ಹಡಗು ಹತ್ತಿ ವೋಲ್ಗಾ ನದಿಯಲ್ಲಿ ಮೇಲ್ಮುಖವಾಗಿ ಬರುವ ಬಾಲಕನು ನಿಜ್ನಿ ನೊವ್‌ಗೊರೊಡಿನಲ್ಲಿ ಇಳಿಯುತ್ತಾನೆ. ಅಲ್ಲಿಂದ ಮುಂದೆ ಬಟ್ಟೆಗೆ ಬಣ್ಣ ಹಾಕುವ ಅಜ್ಜನ ಮನೆ, ಆಸ್ತಿಗಾಗಿ ಸೋದರಮಾವಂದಿರ ಹೊಡೆದಾಟ, ಶನಿವಾರಗಳ ಬೆತ್ತದೇಟು, ಅಜ್ಜಿಯ ಕತೆಗಳು ಇವೇ ಪುಸ್ತಕವನ್ನು ತುಂಬಿಕೊಂಡಿವೆ. ಊರು ಮಾತ್ರ ಆ ಅಂಗಳದ ಬೇಲಿಯ ಆಚೆಗೇ ಉಳಿದಂತೆ ತೋರುತ್ತದೆ. ಕಳೆದ ವಾರದ ಕೂಟದಲ್ಲಿ ಇದೇ ವಿಷಯಕ್ಕೆ ಮಾತು ಬೆಳೆಯಿತು. ಆ ಕಾಲದ ರಷ್ಯದ ಸಣ್ಣ ಊರುಗಳ ಬದುಕೆಲ್ಲ ಹೀಗೆಯೇ ಇತ್ತೆಂದು ಕೆಲವರು ವಾದಿಸಿದರು. ಒಂದು ಮನೆಯ ಜಗಳವನ್ನು ಇಡೀ ಊರಿನ ತಲೆಗೆ ಕಟ್ಟಬಾರದೆಂದು ಉಳಿದವರು ಹೇಳಿದರು.

ಆ ನಗರದ ಇತಿಹಾಸ, ನದಿ, ಪ್ರಸಿದ್ಧವಾದ ವಾಣಿಜ್ಯ ಮೇಳ, ಸುತ್ತಲಿನ ಪ್ರಾಂತ್ಯ ಇವುಗಳನ್ನು ತಿಳಿಯಲು ಯಾವ ಪುಸ್ತಕಗಳನ್ನು ಯಾವ ಕ್ರಮದಲ್ಲಿ ಓದಬಹುದು? ಬಳಗದ ಕೈಯಲ್ಲಿ ಹೆಚ್ಚು ಹಣವಿಲ್ಲ. ಆದ್ದರಿಂದ ಕೊಳ್ಳಲೇಬೇಕಾದದ್ದು ಯಾವುದು, ಉಚಿತವಾಗಿ ದೊರೆಯುವುದು ಯಾವುದು ಎಂದು ಬೇರ್ಪಡಿಸಿ ತಿಳಿಸಿದರೆ ಉಪಕಾರವಾಗುತ್ತದೆ.

ಹೊಸದುರ್ಗದ ಮೇಷ್ಟ್ರು

ನಿಮ್ಮ ಬಳಗದಲ್ಲಿ ಎದ್ದ ವಾದವು ಹೊಸದಲ್ಲ. ಅದೇ ನಗರದಲ್ಲಿ 1870ರ ದಶಕದಲ್ಲಿಯೇ ಅದು ಅಚ್ಚಿನಲ್ಲಿ ನಡೆದಿತ್ತು. ರಾಜಧಾನಿಯು ಪ್ರತಿಭೆಯನ್ನೆಲ್ಲ ಹೀರಿಕೊಳ್ಳುವುದರಿಂದ ಪ್ರಾಂತ್ಯಗಳಿಗೆ ಸ್ವಂತ ಬೌದ್ಧಿಕ ಬದುಕು ಉಳಿಯದೆಂದು ಒಂದು ಪಕ್ಷವು ಬರೆದಾಗ, ನಿಜ್ನಿಯ ಅಲೆಕ್ಸಾಂಡರ್ ಗತ್ಸಿಸ್ಕಿ ಎಂಬ ವಿದ್ವಾಂಸನು ‘ಪ್ರಾಂತ್ಯ ಸತ್ತಿತೆ, ಇಲ್ಲವೆ?’ ಎಂಬರ್ಥದ ಶೀರ್ಷಿಕೆಯಲ್ಲಿ 1876ರಲ್ಲಿ ಉತ್ತರ ಕೊಟ್ಟನು. ತನ್ನ ಪ್ರಾಂತ್ಯದ ಅಂಕಿಅಂಶ, ಕುಶಲ ಕಸುಬು, ಸ್ಥಳೀಯ ಚರಿತ್ರೆಗಳನ್ನು ಸಂಗ್ರಹಿಸುವುದರಲ್ಲಿಯೇ ಜೀವ ತೇಯ್ದವನು ಅವನು. ಬೆಂಗಳೂರಿಗೂ ತಿರುವನಂತಪುರಕ್ಕೂ ದೂರವಾಗಿರುವ ಕಾಸರಗೋಡಿನ ನಮಗೆ ಆ ಮನುಷ್ಯನ ಹಟ ಏನೆಂದು ಬಿಡಿಸಿ ಹೇಳಬೇಕಾಗಿಲ್ಲ.

ಆದ್ದರಿಂದ ನೀವು ಕೊಳ್ಳಬೇಕಾದ ಪುಸ್ತಕ ಒಂದೇ ಇದ್ದರೆ ಅದು ಕ್ಯಾಥರೀನ್ ಎವ್ತುಹೋವ್ ಬರೆದ ‘ಪೋರ್ಟ್ರೇಟ್ ಆಫ್ ಎ ರಷ್ಯನ್ ಪ್ರಾವಿನ್ಸ್’ ಎಂದು ನನ್ನ ಅಭಿಪ್ರಾಯ. 2011ರಲ್ಲಿ ಪಿಟ್ಸ್‌ಬರ್ಗ್ ವಿಶ್ವವಿದ್ಯಾಲಯದ ಮುದ್ರಣಾಲಯದಿಂದ ಬಂದ ಈ ಗ್ರಂಥವು 19ನೆಯ ಶತಮಾನದ ನಿಜ್ನಿ ಪ್ರಾಂತ್ಯವನ್ನು ನೆಲದಿಂದಲೇ ಆರಂಭಿಸಿ ಕಟ್ಟಿಕೊಡುತ್ತದೆ. ನೆಲವೆಂದರೆ ಇಲ್ಲಿ ಮಣ್ಣೇ ಹೌದು. ಜಮೀನಿನ ತೆರಿಗೆಯನ್ನು ನ್ಯಾಯವಾಗಿ ನಿಗದಿಪಡಿಸಬೇಕಾದರೆ ಯಾವ ಹೊಲದ ಮಣ್ಣು ಎಂಥದ್ದೆಂದು ತಿಳಿದಿರಬೇಕು ಎಂಬ ಕಾರಣಕ್ಕೆ ಅಲ್ಲಿನ ಜೆಮ್ಸ್ತ್ವೊ, ಅಂದರೆ ಚುನಾಯಿತ ಸ್ಥಳೀಯ ಆಡಳಿತ ಮಂಡಳಿಯು, ವಸಿಲಿ ದೊಕುಚಾಯೆವ್ ಎಂಬ ವಿಜ್ಞಾನಿಯನ್ನು ಕರೆಸಿ 1882ರಿಂದ 1886ರವರೆಗೆ ಇಡೀ ಪ್ರಾಂತ್ಯದ ಮಣ್ಣಿನ ಸಮೀಕ್ಷೆ ಮಾಡಿಸಿತು. ಇಂದು ಮಣ್ಣಿನ ವಿಜ್ಞಾನದ ಆದಿಪುರುಷನೆಂದು ಜಗತ್ತು ಗೌರವಿಸುವವನು ಇದೇ ದೊಕುಚಾಯೆವ್. ಗಾರ್ಕಿಯ ಅಜ್ಜ ಮೊಮ್ಮಗನಿಗೆ ಬೆತ್ತದೇಟು ಕೊಟ್ಟ ಊರಿನ ಸುತ್ತಮುತ್ತಲೇ, ಅನಂತರದ ಒಂದೆರಡು ದಶಕಗಳೊಳಗೆ, ಹಳ್ಳಿ ಹಳ್ಳಿಯ ಮಣ್ಣನ್ನು ಅಗೆದು ಪದರ ಪದರವಾಗಿ ವಿವರಿಸಿ ಬರೆದಿಟ್ಟವರೂ ಇದ್ದರು. ಎರಡನ್ನೂ ಒಟ್ಟಿಗೆ ಇಟ್ಟು ಓದಿದರೆ ನಿಮ್ಮ ಕೂಟದ ಎರಡೂ ಪಕ್ಷಗಳಿಗೆ ಸಾಕಷ್ಟು ಸಾಮಗ್ರಿ ಸಿಗುತ್ತದೆ.

ಹಾಗೆಂದು ಗಾರ್ಕಿಯನ್ನು ಸುಳ್ಳುಗಾರನೆಂದು ತಳ್ಳಿಹಾಕಲು ನಾನು ಸಿದ್ಧನಿಲ್ಲ. ಇಂಥ ಹೇಯ ಸಂಗತಿಗಳನ್ನು ಹೇಳುವುದರಿಂದ ಪ್ರಯೋಜನವುಂಟೇ ಎಂದು ಅವನು ಅದೇ ಪುಸ್ತಕದಲ್ಲಿ ತನ್ನನ್ನು ತಾನೇ ಕೇಳಿಕೊಂಡು, ಹೌದೆಂದು ಉತ್ತರಿಸಿಕೊಳ್ಳುತ್ತಾನೆ; ಅಂದರೆ ಏನನ್ನು ಆಯ್ದು ಹೇಳುತ್ತಿದ್ದೇನೆಂಬ ಅರಿವು ಅವನಿಗೆ ಇತ್ತು. ವ್ಲದೀಮಿರ್ ಕೊರೊಲೆಂಕೊ ಎಂಬ ಹಿರಿಯ ಲೇಖಕನು 1885ರಿಂದ 1896ರವರೆಗೆ ಇದೇ ನಗರದಲ್ಲಿ ನೆಲಸಿದ್ದು, 1891–92ರ ಕ್ಷಾಮದಲ್ಲಿ ಪ್ರಾಂತ್ಯದ ಲುಕೊಯಾನೊವ್ ತಾಲೂಕಿನಲ್ಲಿ ಗಂಜಿಕೇಂದ್ರಗಳನ್ನು ನಡೆಸಿ, ಕಂಡದ್ದನ್ನು ಪುಸ್ತಕವಾಗಿ ಬರೆದನು. ಅದೇ ಕ್ಷಾಮವನ್ನು ನಿಜ್ನಿಯ ಛಾಯಾಗ್ರಾಹಕ ಮ್ಯಾಕ್ಸಿಂ ದ್ಮಿತ್ರಿಯೆವ್ ಸೆರೆಹಿಡಿದಿದ್ದಾನೆ. ಮನೆಗಳ ಮಾಡಿಗೆ ಹೊದಿಸಿದ ಹುಲ್ಲನ್ನೂ ಕಿತ್ತು ಜಾನುವಾರುಗಳಿಗೆ ಹಾಕಿದ ಹಳ್ಳಿಗಳು ಆ ಚಿತ್ರಗಳಲ್ಲಿವೆ. ಅಂತರ್ಜಾಲದಲ್ಲಿ ಅವನ ಹೆಸರು ಹಾಕಿ ಹುಡುಕಿದರೆ ಸಾಕು, ಕೂಟದಲ್ಲಿ ಪರದೆಯ ಮೇಲೆ ತೋರಿಸಬಹುದು.

ಕಾದಂಬರಿಯೇ ಬೇಕೆನ್ನುವವರಿಗೆ ಮೆಲ್ನಿಕೊವ್-ಪೆಚೆರ್ಸ್ಕಿಯ ಹೆಸರು ಹೇಳುತ್ತೇನೆ. ಸರಕಾರಿ ಅಧಿಕಾರಿಯಾಗಿ ವೋಲ್ಗಾದ ಆಚೆ ದಡದ ಕಾಡುಗಳಲ್ಲಿದ್ದ ಹಳೆಯ ವಿಧಿಯ ಕ್ರೈಸ್ತರನ್ನು ಬೆನ್ನಟ್ಟಿದವನು, ಅನಂತರ ಅದೇ ಜನರ ಮಠ, ಮದುವೆ, ಅಡುಗೆ, ಹಾಡುಗಳನ್ನು ‘ಕಾಡುಗಳಲ್ಲಿ’ ಮತ್ತು ‘ಬೆಟ್ಟಗಳ ಮೇಲೆ’ ಎಂಬರ್ಥದ ಹೆಸರುಗಳ ಎರಡು ಮಹಾಕಾದಂಬರಿಗಳಲ್ಲಿ ಅಕ್ಕರೆಯಿಂದ ಬರೆದಿಟ್ಟನು. ಅವನ ಆ ತಿರುವು ಪ್ರಾಯಶ್ಚಿತ್ತವೋ ಕುತೂಹಲವೋ ಎಂಬುದೇ ಒಂದು ಸಂಜೆಯ ಚರ್ಚೆಗೆ ವಸ್ತುವಾದೀತು.

ಕುಂಬಳೆ ಕಡವು

ಮೇಷ್ಟ್ರ ಆಯ್ಕೆಯ ಬಗ್ಗೆ ನನಗೆ ಗೌರವವಿದೆ. ಆದರೆ ಕ್ರಮದ ಬಗ್ಗೆ ಒಪ್ಪಿಗೆಯಿಲ್ಲ. ತೆರಿಗೆ, ಮಣ್ಣು, ಅಂಕಿಅಂಶಗಳಿಂದ ಆರಂಭಿಸಿದರೆ ಬಳಗದ ಅರ್ಧ ಜನ ಎರಡನೆಯ ಕೂಟಕ್ಕೇ ಬರಲಾರರು. ನಿಜ್ನಿಯನ್ನು ನಗರವನ್ನಾಗಿ ಮಾಡಿದ್ದು ನದಿ ಮತ್ತು ವ್ಯಾಪಾರ. ಆದ್ದರಿಂದ ಜಾನೆಟ್ ಹಾರ್ಟ್ಲಿ ಅವರ ‘ದಿ ವೋಲ್ಗಾ’ ಎಂಬ 2021ರ ಪುಸ್ತಕವನ್ನು ಮೊದಲು ಹಿಡಿಯಿರಿ. 3,500 ಕಿಲೋಮೀಟರಿಗೂ ಉದ್ದವಾದ ನದಿಯ ದಡದಲ್ಲಿ ರಷ್ಯನ್ನರಲ್ಲದೆ ತಾತಾರರು, ಚುವಾಷರು, ಮಾರಿ ಮತ್ತು ಮೊರ್ದ್ವಿನ್ ಜನ, ಕಲ್ಮಿಕರು, ಜರ್ಮನ್ ವಲಸೆಗಾರರು ಹೇಗೆ ಬೆರೆತು ಬಾಳಿದರು, ರಾಜಿನ್ ಮತ್ತು ಪುಗಚೋವರ ದಂಗೆಗಳಿಗೆ ಈ ನದಿಯೇ ಹೇಗೆ ದಾರಿಯಾಯಿತು ಎಂಬುದನ್ನೆಲ್ಲ ಅದು ತೊಡಕಿಲ್ಲದ ಗದ್ಯದಲ್ಲಿ ಹೇಳುತ್ತದೆ. ಒಂದೇ ಬಸ್ಸಿನಲ್ಲಿ ಕನ್ನಡ, ತುಳು, ಮಲಯಾಳ, ಕೊಂಕಣಿ, ಬ್ಯಾರಿ, ಮರಾಠಿಗಳನ್ನು ಕೇಳುತ್ತ ಬೆಳೆದ ನಮ್ಮ ಓದುಗರಿಗೆ ಆ ಭಾಗಗಳು ಸಲೀಸಾಗಿ ಒಳಹೋಗುತ್ತವೆ.

ನಗರದ ಹುಟ್ಟನ್ನು ನಾಲ್ಕು ಮಾತುಗಳಲ್ಲಿ ಹೇಳಿ ಮುಗಿಸಬಹುದು. ಓಕಾ ನದಿಯು ವೋಲ್ಗಾವನ್ನು ಕೂಡುವಲ್ಲಿ, ಎತ್ತರದ ದಡದ ಮೇಲೆ, 1221ರಲ್ಲಿ ವ್ಲದೀಮಿರದ ರಾಜ ಯೂರಿ ಅದನ್ನು ಗಡಿಯ ಕೋಟೆಯಾಗಿ ಕಟ್ಟಿಸಿದನು. 16ನೆಯ ಶತಮಾನದ ಆದಿಯಲ್ಲಿ ಇಂದಿಗೂ ನಿಂತಿರುವ ಕ್ರೆಮ್ಲಿನ್ ಕೋಟೆ ಎದ್ದಿತು. 1611ರಲ್ಲಿ ಮಾಂಸದ ವ್ಯಾಪಾರಿ ಕುಜ್ಮಾ ಮಿನಿನ್ ಊರವರಿಂದ ಹಣ ಎತ್ತಿ ಸೈನ್ಯ ಕೂಡಿಸಿದನು. ಪಜಾರ್ಸ್ಕಿಯ ನಾಯಕತ್ವದಲ್ಲಿ ಆ ಸೈನ್ಯವು ಮರುವರ್ಷ ಮಾಸ್ಕೋವನ್ನು ಪೋಲೆಂಡಿನವರ ಕೈಯಿಂದ ಬಿಡಿಸಿತು. ಮಾಸ್ಕೋದ ಕೆಂಪು ಚೌಕದಲ್ಲಿರುವ ಅವರಿಬ್ಬರ ಪ್ರತಿಮೆಯನ್ನು ಮೂಲತಃ ನಿಜ್ನಿಯಲ್ಲಿ ನಿಲ್ಲಿಸಬೇಕೆಂದಿತ್ತು. ರಾಜಧಾನಿ ಅದನ್ನೂ ತನ್ನಲ್ಲೇ ಇಟ್ಟುಕೊಂಡಿತು. ನಿಜ್ನಿಗೆ ಅದರ ಪ್ರತಿ ಬಂದದ್ದು 2005ರಲ್ಲಿ.

ಮೇಳದ ಕತೆ ಹೀಗೆ ನಾಲ್ಕು ಮಾತಿಗೆ ನಿಲ್ಲುವಂಥದ್ದಲ್ಲ. ಮೊದಲು ಅದು ನಿಜ್ನಿಯಿಂದ ಕೆಳಗೆ ವೋಲ್ಗಾ ದಡದ ಮಕಾರಿಯೆವ್ ಮಠದ ಬಳಿ ನಡೆಯುತ್ತಿತ್ತು. ‘ನನ್ನ ಬಾಲ್ಯ’ದಲ್ಲಿ ಅಜ್ಜನು ತಾನು ದೋಣಿಗೆ ಹಗ್ಗ ಕಟ್ಟಿ ಎಳೆಯುತ್ತಿದ್ದ ಹರೆಯದ ದಿನಗಳನ್ನು ನೆನೆಯುವಾಗ, ಆಸ್ತ್ರಾಖಾನಿನಿಂದ ಮಕಾರಿಯೆವ್ ಮೇಳದವರೆಗೆ ನಡೆದುದನ್ನು ಹೇಳುತ್ತಾನೆ, ಆ ಪುಟವನ್ನು ಮತ್ತೊಮ್ಮೆ ತೆರೆದು ನೋಡಿ. 1816ರಲ್ಲಿ ಮಕಾರಿಯೆವ್‌ನ ಮಳಿಗೆಗಳು ಬೆಂಕಿಗೆ ಆಹುತಿಯಾದ ಮೇಲೆ ಮೇಳವು 1817ರಿಂದ ನಿಜ್ನಿಗೆ ಬಂದಿತು. ಸ್ಪೇನಿನಿಂದ ಬಂದು ರಷ್ಯದ ಸೇವೆಯಲ್ಲಿದ್ದ ಬೆತಾಂಕೂರ್ ಎಂಬ ಎಂಜಿನಿಯರನು, ಓಕಾ ನದಿಯ ತಗ್ಗಿನ ದಡದಲ್ಲಿ, ನೆರೆನೀರು ನುಗ್ಗುವ ಜಾಗದಲ್ಲಿಯೇ, ನೆಲ ಎತ್ತರಿಸಿ ಕಾಲುವೆ ತೋಡಿ ಸಾಲುಮಳಿಗೆಗಳ ಊರನ್ನೇ ನಿರ್ಮಿಸಿದನು. ಬೇಸಗೆಯಲ್ಲಿ ಕೆಲವು ವಾರ ಮಾತ್ರ ಜೀವ ತಳೆಯುತ್ತಿದ್ದ ಆ ಊರಿಗೆ ಚೀನಾದ ಚಹಾ, ಉರಾಲಿನ ಕಬ್ಬಿಣ, ಸೈಬೀರಿಯದ ತುಪ್ಪುಳುಚರ್ಮ, ಮಧ್ಯ ಏಷ್ಯದ ಹತ್ತಿ, ಮಾಸ್ಕೋದ ಬಟ್ಟೆ ಬಂದು ಸೇರುತ್ತಿದ್ದವು. ಪೀಟರ್ಸ್‌ಬರ್ಗ್ ರಷ್ಯದ ತಲೆ, ಮಾಸ್ಕೋ ಹೃದಯ, ನಿಜ್ನಿ ಜೇಬು ಎಂಬ ಮಾತು ಹುಟ್ಟಿದ್ದು ಇದರಿಂದಲೇ.

ಇದಕ್ಕೆ ಆನ್ ಲಿಂಕನ್ ಫಿಟ್ಜ್‌ಪ್ಯಾಟ್ರಿಕ್ ಅವರ ‘ದಿ ಗ್ರೇಟ್ ರಷ್ಯನ್ ಫೇರ್’ ಎಂಬ 1990ರ ಅಧ್ಯಯನವನ್ನು ನೋಡಿ. ಅದರ ವ್ಯಾಪ್ತಿ 1840ರಿಂದ 1890ರವರೆಗೆ. ಈ ಮೇಳದ ನಿಜವಾದ ಬಲವಿದ್ದದ್ದು ಉದ್ದರಿಯಲ್ಲಿ. ಒಂದು ವರ್ಷ ಸಾಲವಾಗಿ ಒಯ್ದ ಸರಕಿನ ಹಣವನ್ನು ಮುಂದಿನ ಮೇಳದಲ್ಲಿ ತೀರಿಸಿ ಹೊಸ ಸರಕನ್ನು ಮತ್ತೆ ಸಾಲವಾಗಿ ಎತ್ತುವುದು ಅಲ್ಲಿನ ವಾಡಿಕೆ. ಮುಖ ನೋಡಿ ಕೊಟ್ಟ ಸಾಲದ ಮೇಲೆ ಇಡೀ ಸಾಮ್ರಾಜ್ಯದ ವ್ಯಾಪಾರ ನಿಂತಿತ್ತು. ಬಳಗದಲ್ಲಿ ಅಡಿಕೆ ವ್ಯಾಪಾರದವರು ಯಾರಾದರೂ ಇದ್ದರೆ ಈ ಭಾಗವನ್ನು ಅವರಿಂದಲೇ ಓದಿಸಿ. 1862ರಲ್ಲಿ ಮಾಸ್ಕೋದಿಂದ ರೈಲು ಬಂದಾಗ ಮೇಳ ಮುಳುಗೀತೆಂದು ಹಲವರು ಎಣಿಸಿದ್ದರೂ, ಅದು ಕ್ರಾಂತಿಯವರೆಗೂ ನಡೆದು, 1920ರ ದಶಕದಲ್ಲಿ ಕೆಲವು ವರ್ಷ ಮರುಜೀವ ಪಡೆದು, ಆಮೇಲೆ ನಿಂತಿತು.

ಖರ್ಚಿಲ್ಲದೆ ಓದಬಹುದಾದವೂ ಇವೆ. ಫ್ರಾನ್ಸಿನ ಕ್ಯುಸ್ತೀನ್ 1839ರಲ್ಲಿ ರಷ್ಯದಲ್ಲಿ ಸಂಚರಿಸಿದವನು ಈ ಮೇಳದ ಬಗ್ಗೆ ವಿವರವಾಗಿ ಬರೆದಿದ್ದಾನೆ. ಅವನಿಗೆ ರಷ್ಯವನ್ನು ಕಂಡರೆ ಆಗದು; ಕಣ್ಣು ಮಾತ್ರ ಚುರುಕು. ಜೂಲ್ಸ್ ವರ್ನ್‌ನ ‘ಮೈಕೆಲ್ ಸ್ಟ್ರೊಗಾಫ್’ ಕಾದಂಬರಿಯಲ್ಲಿ ತುಂಬಿದ ಮೇಳದ ನಡುವೆಯೇ ಸರಕಾರದ ಆಜ್ಞೆ ಹೊರಟು, ಏಷ್ಯದಿಂದ ಬಂದ ವ್ಯಾಪಾರಿಗಳೆಲ್ಲ ಒಂದು ದಿನದೊಳಗೆ ಪ್ರಾಂತ್ಯ ಬಿಡಬೇಕಾಗುವ ಸನ್ನಿವೇಶವಿದೆ. ಅದನ್ನು ಇತಿಹಾಸವೆಂದು ಓದಬೇಡಿ, ಮಕ್ಕಳಿಗೆ ಓದಿ ಹೇಳಿ. ಫ್ರೆಂಚ್ ಕಾದಂಬರಿಕಾರ ದೂಮಾ 1858ರಲ್ಲಿ ನಿಜ್ನಿಗೆ ಬಂದಾಗ, ಅವನು ಹದಿನೆಂಟು ವರ್ಷಗಳ ಹಿಂದೆ ಬರೆದಿದ್ದ ಕಾದಂಬರಿಗೆ ಮೂಲವಾಗಿದ್ದ ಅನ್ನೆಂಕೊವ್ ದಂಪತಿಯನ್ನೇ ಅಲ್ಲಿನ ಗವರ್ನರನು ಅವನ ಮುಂದೆ ತಂದು ನಿಲ್ಲಿಸಿದ್ದನಂತೆ. ತ್ಸಾರ್ ದೊರೆಯ ವಿರುದ್ಧ 1825ರಲ್ಲಿ ನಡೆದ ಡಿಸೆಂಬರಿಸ್ಟ್ ದಂಗೆಯಲ್ಲಿ ಭಾಗಿಯಾಗಿ ಸೈಬೀರಿಯಕ್ಕೆ ಹೋದವನು ಮತ್ತು ಅವನನ್ನು ಹಿಂಬಾಲಿಸಿ ಹೋದ ಫ್ರೆಂಚ್ ಹೆಣ್ಣು ಶಿಕ್ಷೆ ಮುಗಿದ ಮೇಲೆ ನೆಲಸಿದ್ದು ಆ ಊರಿನಲ್ಲಿಯೇ.

ಮಂಜೇಶ್ವರದಿಂದ

ಎಲ್ಲರೂ ಇಂಗ್ಲಿಷ್ ಪುಸ್ತಕಗಳನ್ನೇ ಹೇಳುತ್ತಿರುವಾಗ ನಮ್ಮ ನೆಲಕ್ಕೆ ನೇರವಾಗಿ ತಾಗುವ ಒಂದು ಬರಹ ಬಿಟ್ಟುಹೋಗುತ್ತಿದೆ. ವೋಲ್ಗಾ ದಡದ ಇನ್ನೊಂದು ಊರಾದ ತ್ವೇರಿನ ವ್ಯಾಪಾರಿ ಅಫನಾಸಿ ನಿಕಿತಿನ್ 1460ರ ದಶಕದಲ್ಲಿ ಹೊರಟು ಬೀದರಿಗೆ ಬಂದವನು. ಅವನ ಪ್ರವಾಸ ಕಥನದ ಆರಂಭದ ಪುಟಗಳಲ್ಲಿಯೇ ನಿಜ್ನಿ ನೊವ್‌ಗೊರೊಡ್ ಇದೆ. ಮಾಸ್ಕೋದಿಂದ ಮರಳುತ್ತಿದ್ದ ಶಿರ್ವಾನಿನ ರಾಯಭಾರಿಯ ಜೊತೆ ಸೇರಿಕೊಂಡು ಹೋಗಲು ಅವನು ನಿಜ್ನಿಯಲ್ಲಿ ಎರಡು ವಾರ ಕಾಯುತ್ತಾನೆ. ಆ ರಾಯಭಾರಿಯ ಸಂಗಡ, ಮಾಸ್ಕೋದ ದೊರೆ ಇವಾನನಿಂದ ಪಡೆದ ತೊಂಬತ್ತು ಬೇಟೆಯ ಗಿಡುಗಗಳಿದ್ದವು. ಆಸ್ತ್ರಾಖಾನಿನ ಬಳಿ ತಾತಾರರು ಇವರನ್ನು ದೋಚುತ್ತಾರೆ. ಕೈಯಲ್ಲಿ ಸರಕಿಲ್ಲದೆ ಊರಿಗೆ ಮರಳಲು ಮನಸ್ಸಾಗದೆ ಅವನು ಮುಂದೆ ಮುಂದೆ ಸಾಗಿ, ಕಡಲು ದಾಟಿ ಚೌಲಿನಲ್ಲಿ ಇಳಿದು, ಮಾರಲೆಂದು ತಂದ ಒಂದು ಕುದುರೆಯೊಡನೆ ಬಹಮನಿ ರಾಜ್ಯವನ್ನು ಪ್ರವೇಶಿಸುತ್ತಾನೆ. ಮಹಮೂದ್ ಗವಾನನ ಕಾಲದ ಬೀದರ್, ಸುಲ್ತಾನನ ಆನೆಗಳ ಮೆರವಣಿಗೆ, ಶಿವರಾತ್ರಿಗೆ ಶ್ರೀಶೈಲಕ್ಕೆ ಹೋದಾಗ ಅಲ್ಲಿ ಕಂಡ ಕರಿಕಲ್ಲಿನ ದೊಡ್ಡ ನಂದಿ, ಜನ ಅದರ ಗೊರಸಿಗೆ ಮುತ್ತಿಟ್ಟು ಹೂವು ಏರಿಸುವುದು, ಇವೆಲ್ಲವನ್ನೂ ಅವನು ಬರೆದಿದ್ದಾನೆ. ಕಲ್ಲಿಕೋಟೆಯ ಬಂದರು ಮತ್ತು ಅಲ್ಲಿನ ಮೆಣಸು, ಶುಂಠಿಗಳ ಬಗ್ಗೆಯೂ ಕೇಳಿ ಬರೆದಿರುವುದರಿಂದ ನಿಮ್ಮ ಮಲಯಾಳ ಓದುಗರಿಗೂ ಪಾಲು ಉಂಟು.

ಇದರ ಹಳೆಯ ಇಂಗ್ಲಿಷ್ ಅನುವಾದವು ಹ್ಯಾಕ್ಲುಯ್ಟ್ ಸೊಸೈಟಿಯು 1857ರಲ್ಲಿ ಪ್ರಕಟಿಸಿದ ‘ಇಂಡಿಯಾ ಇನ್ ದಿ ಫಿಫ್ಟೀನ್ತ್ ಸೆಂಚುರಿ’ ಎಂಬ ಸಂಕಲನದಲ್ಲಿದೆ. ಹಕ್ಕುಸ್ವಾಮ್ಯದ ಅವಧಿ ಎಂದೋ ಮುಗಿದಿರುವುದರಿಂದ ಇಂಟರ್ನೆಟ್ ಆರ್ಕೈವಿನಲ್ಲಿ ಉಚಿತವಾಗಿ ಇಳಿಸಿಕೊಳ್ಳಬಹುದು.

ಎದುರು ದಿಕ್ಕಿನ ಪಯಣವನ್ನು ತಿಳಿಯಬೇಕೆಂದರೆ ಸ್ಟೀಫನ್ ಡೇಲ್ ಅವರು 1994ರಲ್ಲಿ ಭಾರತೀಯ ವರ್ತಕರು ಮತ್ತು ಯುರೇಷ್ಯದ ವ್ಯಾಪಾರದ ಕುರಿತು ಪ್ರಕಟಿಸಿದ ಗ್ರಂಥವಿದೆ. ಮುಲ್ತಾನಿನ ಕಡೆಯ ವರ್ತಕರು 17ನೆಯ ಶತಮಾನದಲ್ಲಿ ಆಸ್ತ್ರಾಖಾನಿನಲ್ಲಿ ತಮ್ಮದೇ ವಸತಿ ಕಟ್ಟಿಕೊಂಡು ವೋಲ್ಗಾ ವ್ಯಾಪಾರದಲ್ಲಿ ತೊಡಗಿದ್ದ ವೃತ್ತಾಂತ ಅದರಲ್ಲಿದೆ. ಬೆಲೆ ದುಬಾರಿ, ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ವಿಚಾರಿಸುವುದು ಮೇಲು.

ನೀರ್ಚಾಲಿನ ಓದುಗ

ಎಲ್ಲರಿಗೂ ಕೃತಜ್ಞತೆಗಳು. ನಿಕಿತಿನನ ವಿಷಯ ಬಳಗದಲ್ಲಿ ಯಾರಿಗೂ ಹೊಳೆದಿರಲಿಲ್ಲ. ಒಂದು ಮುಖ್ಯ ಅಂಶ ಮಾತ್ರ ಉಳಿದಿದೆ: ಕ್ರಾಂತಿಯ ನಂತರದ ನಗರ. ಅದು ಹಲವು ದಶಕ ಗಾರ್ಕಿಯ ಹೆಸರನ್ನೇ ಹೊತ್ತಿತ್ತಲ್ಲವೆ? ಆ ಕಾಲಕ್ಕೆ ಏನನ್ನು ಓದಬೇಕು?

ಪೆರ್ಲದ ಅಂಚೆ

ಹೌದು, 1932ರಿಂದ 1990ರವರೆಗೆ ಅದರ ಹೆಸರು ಗಾರ್ಕಿ ಎಂದೇ ಇತ್ತು. ಅದೇ 1932ರಲ್ಲಿ, ಫೋರ್ಡ್ ಕಂಪನಿಯೊಡನೆ 1929ರಲ್ಲಿ ಮಾಡಿಕೊಂಡ ಒಪ್ಪಂದದಂತೆ ಕಟ್ಟಿದ ಮೋಟಾರು ಕಾರ್ಖಾನೆಯೂ ಅಲ್ಲಿ ಕೆಲಸ ಆರಂಭಿಸಿತು; ಮುಂದೆ ‘ವೋಲ್ಗಾ’ ಕಾರು ಹೊರಬಂದದ್ದು ಅದರಿಂದಲೇ. ರಕ್ಷಣಾ ಉದ್ಯಮಗಳಿದ್ದ ಕಾರಣ ಹಲವು ದಶಕ ವಿದೇಶಿಯರಿಗೆ ನಗರದೊಳಗೆ ಪ್ರವೇಶವಿರಲಿಲ್ಲ. ಇಂಗ್ಲಿಷಿನಲ್ಲಿ ಈ ನಗರದ ಕುರಿತ ಪುಸ್ತಕಗಳು ಕಡಿಮೆ ಇರುವುದಕ್ಕೆ ಇದೂ ಒಂದು ಕಾರಣವೆಂದು ನನ್ನ ಊಹೆ.

ವಿದೇಶಿ ಪತ್ರಕರ್ತರು ಕಾಲಿಡಲಾಗದ ಊರು ಎಂಬ ಕಾರಣಕ್ಕೇ ಭೌತವಿಜ್ಞಾನಿ ಆಂದ್ರೇ ಸಖರೋವ್ ಅವರನ್ನು 1980ರ ಜನವರಿಯಲ್ಲಿ ಅಲ್ಲಿಗೆ ಗಡೀಪಾರು ಮಾಡಿದರು. ಅವರ ‘ಮೆಮ್ವಾರ್ಸ್’ ಎಂಬ ಆತ್ಮಕಥೆಯಲ್ಲಿ ಗಾರ್ಕಿ ನಗರದ ಅಧ್ಯಾಯಗಳನ್ನು ಮಾತ್ರ ಆಯ್ದು ಓದಿದರೂ ಸಾಕು. ಬರೆದ ಹಸ್ತಪ್ರತಿಯನ್ನು ಗುಪ್ತಚರರು ಒಂದಕ್ಕಿಂತ ಹೆಚ್ಚು ಸಲ ಕದ್ದೊಯ್ದರು. ಅವರು ಪ್ರತಿಸಲವೂ ನೆನಪಿನಿಂದ ಮತ್ತೆ ಬರೆದರು. ಬಾಗಿಲಲ್ಲಿ ಸದಾ ಕಾವಲಿದ್ದ, ದೂರವಾಣಿಯಿಲ್ಲದ ಆ ಮನೆಗೆ 1986ರ ಡಿಸೆಂಬರ್ 15ರ ರಾತ್ರಿ ಇದ್ದಕ್ಕಿದ್ದಂತೆ ದೂರವಾಣಿಯನ್ನು ತಂದು ಜೋಡಿಸಿ ಹೋದರು. ಮರುದಿನ ಅದರಲ್ಲಿ ಕರೆ ಮಾಡಿದವರು ಗೊರ್ಬಚೇವ್. ಪತ್ನಿ ಎಲೆನಾ ಬೋನರ್ ಬರೆದ ‘ಅಲೋನ್ ಟುಗೆದರ್’ ಇದಕ್ಕೆ ಒಳ್ಳೆಯ ಜೊತೆ. ಅದು ಗಾತ್ರದಲ್ಲಿಯೂ ಚಿಕ್ಕದು. ಸುಧಾರಣೆಗಾಗಿ ದನಿಯೆತ್ತಿದ ಲೇಖಕನ ಹೆಸರನ್ನು ಹೊತ್ತ ಊರನ್ನೇ ಇನ್ನೊಬ್ಬ ದನಿಯೆತ್ತಿದವನಿಗೆ ಸೆರೆಯಾಗಿ ಆರಿಸಿದ್ದರು ಎಂಬುದನ್ನು ಬಳಗದಲ್ಲಿ ಯಾರಾದರೂ ಪ್ರಸ್ತಾಪಿಸಲಿ.

ಇನ್ನು ಗಾರ್ಕಿಯ ‘ತಾಯಿ’ ಕಾದಂಬರಿಯನ್ನು ಮರೆಯಬೇಡಿ. ನಿಜ್ನಿಗೆ ಅಂಟಿಕೊಂಡ ಸೊರ್ಮೊವೊ ಎಂಬ ಕಾರ್ಖಾನೆಗಳ ಊರಿನಲ್ಲಿ 1902ರ ಮೇ ದಿನದಂದು ನಡೆದ ಮೆರವಣಿಗೆ ಮತ್ತು ಅದರಲ್ಲಿ ಬಂಧಿತನಾದ ಪ್ಯೋತ್ರ್ ಜಲೊಮೊವ್ ಎಂಬ ಕಾರ್ಮಿಕನ ಕತೆಯೇ ಆ ಕಾದಂಬರಿಗೆ ಆಧಾರ. ಕನ್ನಡಕ್ಕೆ ಅದನ್ನು ತಂದವರು ನಿರಂಜನ. ನಮ್ಮ ಜಿಲ್ಲೆಯ ಕಯ್ಯೂರಿನ ರೈತ ಹೋರಾಟವನ್ನು ‘ಚಿರಸ್ಮರಣೆ’ಯಾಗಿ ಬರೆದ ಅದೇ ನಿರಂಜನ. ತೇಜಸ್ವಿನಿ ಹೊಳೆಯ ದಡದ ರೈತರನ್ನೂ ವೋಲ್ಗಾ ದಡದ ಕಾರ್ಮಿಕರನ್ನೂ ಒಂದೇ ಕನ್ನಡ ಗದ್ಯದಲ್ಲಿ ಓದುವ ಅನುಕೂಲ ನಮಗಿರುವಾಗ, ಆ ಎರಡನ್ನೂ ಅಕ್ಕಪಕ್ಕದ ವಾರಗಳಲ್ಲಿ ಇಟ್ಟುಕೊಳ್ಳುವುದು ಉಚಿತ. ಮಲಯಾಳದವರಿಗೆ ಪ್ರಭಾತ್ ಬುಕ್ ಹೌಸ್ ಮೂಲಕ ಬಂದ ಸೋವಿಯತ್ ಕಾಲದ ಪ್ರತಿಗಳು ಹಳೆಯ ವಾಯನಶಾಲೆಗಳ ಕಪಾಟುಗಳಲ್ಲಿ ಇನ್ನೂ ಸಿಕ್ಕಾವು.

ಹೊಸದುರ್ಗದ ಮೇಷ್ಟ್ರು

ಕುಂಬಳೆಯವರ ಆಕ್ಷೇಪವನ್ನು ಅರ್ಧ ಒಪ್ಪುತ್ತೇನೆ. ಹಾರ್ಟ್ಲಿಯಿಂದ ಆರಂಭಿಸಿರಿ, ಆದರೆ ಅಲ್ಲಿಯೇ ನಿಲ್ಲಿಸಬೇಡಿ, ಏಕೆಂದರೆ ಇಡೀ ನದಿಯ ಕತೆ ಹೇಳುವ ಪುಸ್ತಕದಲ್ಲಿ ಒಂದು ನಗರಕ್ಕೆ ಸಿಗುವ ಜಾಗ ಕಡಿಮೆ. ಗಾರ್ಕಿಯ ಎರಡನೆಯ ಸಂಪುಟಕ್ಕೆ ಹೋಗುವ ಮೊದಲು ಮೇಳದ ಭಾಗವನ್ನು ಮುಗಿಸಿಕೊಂಡರೆ ಅನುಕೂಲ. ಆ ಸಂಪುಟದಲ್ಲಿ ಹುಡುಗನು ವೋಲ್ಗಾದ ಹಡಗಿನಲ್ಲಿ ಪಾತ್ರೆ ತೊಳೆಯುವ ಕೆಲಸಕ್ಕೆ ಸೇರುತ್ತಾನೆ; ಸ್ಮೂರಿ ಎಂಬ ದೈತ್ಯದೇಹದ ಅಡುಗೆಯವನು ತನ್ನ ಪೆಟ್ಟಿಗೆಯಲ್ಲಿದ್ದ ಪುಸ್ತಕಗಳನ್ನು ಅವನಿಂದ ಗಟ್ಟಿಯಾಗಿ ಓದಿಸುತ್ತಾನೆ. ನದಿಯ ಮೇಲಿನ ಸಂಚಾರ ಎಂಥದ್ದೆಂದು ತಿಳಿದಿದ್ದರೆ ಆ ಅಧ್ಯಾಯಗಳು ಇನ್ನಷ್ಟು ತೆರೆದುಕೊಳ್ಳುತ್ತವೆ. ಮೂರನೆಯ ಸಂಪುಟ ನಡೆಯುವುದು ಬಹುಮಟ್ಟಿಗೆ ಕಜಾನಿನಲ್ಲಿ. ಅಲ್ಲಿಗೆ ಬರುವ ಹೊತ್ತಿಗೆ ಎವ್ತುಹೋವ್ ಅವರ ಪುಸ್ತಕ ಕೈಯಲ್ಲಿದ್ದರೆ ಸಾಕು. ಇಡೀ ಗ್ರಂಥವನ್ನು ಎಲ್ಲರೂ ಓದಬೇಕೆಂದೇನೂ ಇಲ್ಲ. ಅಧ್ಯಾಯಗಳನ್ನು ಹಂಚಿಕೊಂಡು, ಓದಿದವರು ಉಳಿದವರಿಗೆ ವಿವರಿಸಲಿ. ಮಣ್ಣಿನ ಸಮೀಕ್ಷೆಯ ಭಾಗವನ್ನು ತೋಟವಿರುವವರಿಗೆ ಕೊಡಿ.